ಸ್ವೆತ್ಲಾನ ಎಂಬ ರಷ್ಯನ್ ಹೆಸರಿನ ಮೂಲ: ಶ್ವೇತಾಗೂ ಇದಕ್ಕೂ ನಂಟಿದೆಯೇ?

ಪ್ರಶ್ನೆ
ರಷ್ಯನ್ ಕತೆಯೊಂದನ್ನು ಕನ್ನಡಕ್ಕೆ ತರುತ್ತಿದ್ದೇನೆ. ನಾಯಕಿ ಸ್ವೆತ್ಲಾನ. ಅವಳನ್ನೇ ಕೆಲವು ಕಡೆ ಸ್ವೆತಾ, ಸ್ವೆತ್ಕಾ ಅಂತಾರೆ. ಚರ್ಚಿನ ದೃಶ್ಯದಲ್ಲಿ ಪಾದ್ರಿ ‘ಫೋತಿನಿಯಾ’ ಅನ್ನುತ್ತಾರೆ. ಅದು ಬೇರೆ ಪಾತ್ರವೇ? ಹೆಸರು ನಮ್ಮ ‘ಶ್ವೇತಾ’ದಿಂದಲೇ ಅಲ್ಲಿಗೆ ಹೋದದ್ದು ಅನ್ನುವುದು ನಿಜವೇ? ಬರೆಯುವಾಗ ‘ಟ’ವೋ ‘ತ’ವೋ?

ಉತ್ತರ 1
ಇಲ್ಲಿಂದ ಹೋದದ್ದಲ್ಲ. ರಷ್ಯನ್ನಿನ ‘ಸ್ವೆತ್’ (ಬೆಳಕು) ಮತ್ತು ಸಂಸ್ಕೃತದ ‘ಶ್ವೇತ’ ಒಂದೇ ಇಂಡೋ-ಯುರೋಪಿಯನ್ ಧಾತುವಿನಿಂದ ಬಂದ ದಾಯಾದಿಗಳು, ಅಷ್ಟೇ. ಅರ್ಥವೂ ಬೇರೆಯಾಗಿದೆ: ಸ್ವೆತ್ಲಾನ ಎಂದರೆ ಬೆಳಗುವವಳು. ‘ಬಿಳಿಯವಳು’ ಅಂತ ಟಿಪ್ಪಣಿ ಹಾಕಿದರೆ ತಪ್ಪು.

ಹೆಸರು ಪುರಾತನದ್ದೂ ಅಲ್ಲ, ಕವಿಗಳ ಸೃಷ್ಟಿ. ವೊಸ್ತೋಕೊವ್ 1802ರಲ್ಲಿ ಬರೆದ ಕಾವ್ಯವೊಂದರಲ್ಲಿ ಮೊದಲು ಕಾಣಿಸಿತು. ಮನೆಮಾತಾಗಿಸಿದ್ದು ಝುಕೋವ್‌ಸ್ಕಿ, 1813ರಲ್ಲಿ ಅಚ್ಚಾದ ಅವರ ಲಾವಣಿಯ ಹೆಸರೇ ‘ಸ್ವೆತ್ಲಾನ’. ಅದರಲ್ಲಿ ಹುಡುಗಿ ರಾತ್ರಿ ಕನ್ನಡಿ ಮುಂದೆ ಕೂತು ಶಕುನ ನೋಡುತ್ತಾಳೆ.

ಉತ್ತರ 2
ಫೋತಿನಿಯಾ ಬೇರೆ ಪಾತ್ರವಲ್ಲ, ಅದೇ ಹುಡುಗಿಯ ದೀಕ್ಷಾಸ್ನಾನದ ಹೆಸರು. ಆರ್ಥೊಡಾಕ್ಸ್ ಚರ್ಚು ಸಂತರ ಪಟ್ಟಿಯಲ್ಲಿರುವ ಹೆಸರನ್ನೇ ಇಡುತ್ತದೆ. ಕವಿ ಕಟ್ಟಿದ ಸ್ವೆತ್ಲಾನ ಅಲ್ಲಿರಲಿಲ್ಲ, ಹಾಗಾಗಿ ಹತ್ತೊಂಬತ್ತನೇ ಶತಮಾನದಲ್ಲಿ ಅದು ಹೆಚ್ಚಾಗಿ ಹಡಗುಗಳಿಗೇ ಹೋಯಿತು! 1905ರ ತ್ಸುಶಿಮಾ ಕದನದಲ್ಲಿ ಮುಳುಗಿದ ಕ್ರೂಸರ್ ಒಂದರ ಹೆಸರು ಸ್ವೆತ್ಲಾನ. ಹೆಣ್ಣುಮಕ್ಕಳಿಗೆ ವ್ಯಾಪಕವಾಗಿ ಇಡತೊಡಗಿದ್ದು 1917ರ ಕ್ರಾಂತಿಯ ನಂತರ. 1926ರಲ್ಲಿ ಹುಟ್ಟಿದ ಸ್ಟಾಲಿನ್ ಮಗಳಿಗೂ ಅದೇ ಹೆಸರು. ಚರ್ಚಿನಲ್ಲಿ ಮಾತ್ರ ಗ್ರೀಕ್ ಮೂಲದ, ಬೆಳಕು ಎಂಬ ಅರ್ಥವೇ ಇರುವ ಫೋತಿನಿಯಾ ಜೋಡಿಯಾಯಿತು. 1880ರ ಹಳ್ಳಿಯ ಕತೆ ಸ್ವಂತವಾಗಿ ಬರೆಯುವವರು ರೈತನ ಮಗಳಿಗೆ ಸ್ವೆತ್ಲಾನ ಅಂತ ಇಡಬೇಡಿ, ಬಲ್ಲವರು ನಗುತ್ತಾರೆ.

ಉತ್ತರ 3
ರಷ್ಯನ್ನಿನಲ್ಲಿ ಇರುವುದು ದಂತ್ಯ ‘ತ’. ‘ಟ’ ಬಂದದ್ದು ಇಂಗ್ಲಿಷ್ ಮೂಲಕ. ಉಚ್ಚಾರಣೆಯ ಒತ್ತು ‘ಲಾ’ ಮೇಲೆ, ಕೊನೆಯ ‘ನ’ ಎಳೆಯಬೇಕಿಲ್ಲ: ಸ್ವೆತ್ಲಾನ. ಗಿಡ್ಡ ರೂಪದಲ್ಲಿ ಒತ್ತು ಮೊದಲಿಗೆ ಬರುತ್ತದೆ, ಹಾಗಾಗಿ ಸ್ವೇತ. ಕರಡು ತಿದ್ದುವವರಿಗೆ ಮೊದಲೇ ಹೇಳಿಡಿ, ಇಲ್ಲದಿದ್ದರೆ ಎಲ್ಲವನ್ನೂ ‘ಶ್ವೇತಾ’ ಮಾಡಿಟ್ಟಿರುತ್ತಾರೆ.

ಸ್ವೇತಿ, ಸ್ವೇತ್ಯೆ, ಸ್ವೇತು, ಸ್ವೇತಯ್ ಕಂಡರೆ ಹೊಸ ಅಡ್ಡಹೆಸರು ಅಂದುಕೊಳ್ಳಬೇಡಿ, ಅವು ಬರೀ ವಿಭಕ್ತಿಗಳು. ಆಡುಮಾತಿನಲ್ಲಿ ಕರೆಯುವಾಗ ಕೊನೆಯ ಸ್ವರ ಬಿದ್ದು ‘ಸ್ವೆತ್!’ ಆಗುತ್ತದೆ, ಯಂತ್ರಾನುವಾದ ಅದನ್ನು ‘ಬೆಳಕು!’ ಅಂತ ಕೊಟ್ಟರೆ ಆಶ್ಚರ್ಯವಿಲ್ಲ.

ಪ್ರಶ್ನೆ ಕೇಳಿದವರು
ಧನ್ಯವಾದ. ಹಾಗಾದರೆ ಎಲ್ಲ ಕಡೆ ಸ್ವೆತ್ಲಾನ ಅಂತಲೇ ಇಟ್ಟುಬಿಡಲೇ?

ಉತ್ತರ 3
ಬೇಡ, ಸಲಿಗೆಯ ಲೆಕ್ಕ ತಪ್ಪುತ್ತದೆ. ತಂದೆಯ ಹೆಸರು ಸೇರಿದ ‘ಸ್ವೆತ್ಲಾನ ಇವಾನೊವ್ನ’ ಬಂದಲ್ಲಿ ಬಹುವಚನ ಕೊಡಿ, ‘ಶ್ರೀಮತಿ’ ಅಂಟಿಸಬೇಡಿ. ಗೆಳತಿಯರ ಮಾತಿನಲ್ಲಿ ಸ್ವೇತ, ಏಕವಚನ. ‘ಸ್ವೇತಚ್ಕ’ ಮುದ್ದಿನದು, ಕನ್ನಡದಲ್ಲಿ ‘ಸ್ವೇತ ಪುಟ್ಟಿ’ ಅಂದರೂ ನಡೆಯುತ್ತದೆ, ಅವಳು ಚಿಕ್ಕವಳಾಗಿದ್ದರೆ. ‘ಸ್ವೇತ್ಕ’ ಮಕ್ಕಳ ನಡುವೆ ಸಹಜ, ಆದರೆ ದೊಡ್ಡವರು ಇನ್ನೊಬ್ಬರ ಬಗ್ಗೆ ಹಾಗಂದರೆ ತಾತ್ಸಾರ. ಅಲ್ಲಿ ಹೆಸರನ್ನು ‘ಸ್ವೇತ’ ಅಂತಲೇ ಇಟ್ಟು ‘ಆ ಸ್ವೇತ ಇದ್ದಾಳಲ್ಲ, ಅವಳು’ ಎಂಬ ಧಾಟಿ ತನ್ನಿ. ಫೋತಿನಿಯಾಗೆ ಮಾತ್ರ ಒಂದು ಸಾಲಿನ ಅಡಿಟಿಪ್ಪಣಿ ಹಾಕಿ.