ಒಬಿಎಸ್‌ನಲ್ಲಿ ಗೆಳೆಯರ ಸ್ವರ ಮಾತ್ರ ಬರುವುದಿಲ್ಲ, ಎರಡು ಗಂಟೆಯ ರೆಕಾರ್ಡಿಂಗ್ ಹಾಳು. ಸಹಾಯ ಬೇಕು

ನೀರ್ಚಾಲಿನವ · ಶನಿವಾರ, ರಾತ್ರಿ 10:52

ಮೂರು ದಿನದಿಂದ ತಲೆ ಕೆಟ್ಟು ಹೋಗಿದೆ ಮಾರಾಯ್ರೇ. ನಾವು ನಾಲ್ಕು ಜನ ಸೇರಿ ಮೈನ್‌ಕ್ರಾಫ್ಟ್ ಗೇಮಿನಲ್ಲಿ ಬೇಕಲ ಕೋಟೆ ಕಟ್ಟುತ್ತಿದ್ದೇವೆ. ಕಟ್ಟುವಾಗ ಡಿಸ್ಕಾರ್ಡ್ ಅನ್ನುವ ವಾಯ್ಸ್ ಕಾಲ್ ಆ್ಯಪಿನಲ್ಲಿ ಕನ್ನಡದಲ್ಲೇ ಮಾತಾಡುತ್ತೇವೆ. ಅದನ್ನೇ ವಿಡಿಯೊ ಮಾಡಿ ಹಾಕುವುದು ಅಂತ ಪ್ಲಾನ್. ಸ್ಕ್ರೀನ್ ರೆಕಾರ್ಡ್ ಮಾಡುವ ಒಬಿಎಸ್ ಸಾಫ್ಟ್‌ವೇರಿನಲ್ಲಿ ರೆಕಾರ್ಡ್ ಮಾಡಿದೆ. ಗೇಮಿನ ಸೌಂಡ್ ಉಂಟು. ನನ್ನ ಸ್ವರ ಉಂಟು. ಉಳಿದ ಮೂವರದ್ದು ಇಲ್ಲವೇ ಇಲ್ಲ. ಆಡುವಾಗ ನನಗೆ ಅವರೆಲ್ಲ ಚೆನ್ನಾಗಿಯೇ ಕೇಳುತ್ತಿದ್ದರು.

ಮೊನ್ನೆ ಕೋಟೆಯ ನಡುವಿನ ವೀಕ್ಷಣಾ ಗೋಪುರ ಮುಗಿಸಿದೆವು. ಎರಡು ಗಂಟೆಯ ಕೆಲಸ. ನಾನೊಬ್ಬನೇ ಏನೋ ಕೇಳಿ, ಸುಮ್ಮನೆ ಕೂತು, ಆಮೇಲೆ ನಗುವ ವಿಡಿಯೊ ಯಾರಿಗೆ ಬೇಕು? ನಮ್ಮಲ್ಲೊಬ್ಬ ಸೋಮವಾರ ಮೈಸೂರಿನ ಹಾಸ್ಟೆಲಿಗೆ ವಾಪಸ್ ಹೋಗುತ್ತಾನೆ. ಅಲ್ಲಿ ಅವನ ಹತ್ತಿರ ಕಂಪ್ಯೂಟರ್ ಇಲ್ಲ. ಉಳಿದಿರುವುದು ನಾಳೆ ಒಂದೇ ದಿನ. ಸೆಟ್ಟಿಂಗ್ ಎಲ್ಲ ಸರಿಯೇ ಉಂಟು, ಎರಡು ಸಲ ನೋಡಿದ್ದೇನೆ. ಒಬಿಎಸ್ ತೆಗೆದು ಮತ್ತೆ ಹಾಕಿದ್ದೂ ಆಯಿತು. ಎಂತ ಮಾಡುವುದು ಹೇಳಿ.

ಮುಳ್ಳೇರಿಯ ಮಿಕ್ಸರ್ · 11:05

ಇದು ಟ್ರ್ಯಾಕಿನ ಸಮಸ್ಯೆ. ನೂರಕ್ಕೆ ನೂರು. ಒಬಿಎಸ್‌ನಲ್ಲಿ ಆರು ಆಡಿಯೊ ಟ್ರ್ಯಾಕ್, ಅಂದರೆ ಒಂದೇ ಫೈಲಿನಲ್ಲಿ ಸೌಂಡಿನ ಬೇರೆ ಬೇರೆ ಪದರ, ಉಂಟು. ನಿಮ್ಮ ಗೆಳೆಯರ ಸ್ವರ ಎರಡನೆಯದರಲ್ಲೋ ಮೂರನೆಯದರಲ್ಲೋ ಕೂತಿದೆ. ಸಾಮಾನ್ಯ ಪ್ಲೇಯರ್‌ಗಳು ಮೊದಲನೆಯದನ್ನು ಮಾತ್ರ ಕೇಳಿಸುತ್ತವೆ. ಫೈಲನ್ನು ವಿಎಲ್‌ಸಿ ಪ್ಲೇಯರಿನಲ್ಲಿ ತೆರೆದು ಆಡಿಯೊ ಮೆನುವಿನಲ್ಲಿ ಬೇರೆ ಟ್ರ್ಯಾಕ್ ಆರಿಸಿ ನೋಡಿ. ಹಾಳಾಗಿಲ್ಲ, ಹೆದರಬೇಡಿ.

ನೀರ್ಚಾಲಿನವ · 11:11

ನೋಡಿದೆ ಅಣ್ಣ. ಒಂದೇ ಟ್ರ್ಯಾಕ್ ಇರುವುದು.

ಮುಳ್ಳೇರಿಯ ಮಿಕ್ಸರ್ · 11:14

ಹಾಗಾದರೆ ಔಟ್‌ಪುಟ್ ಮೋಡ್ ಸಿಂಪಲ್‌ನಲ್ಲಿ ಉಂಟು. ಅಡ್ವಾನ್ಸ್ಡ್ ಮಾಡಿ. ರೆಕಾರ್ಡಿಂಗ್ ಟ್ಯಾಬಿನಲ್ಲಿ 1, 2, 3 ಮೂರಕ್ಕೂ ಟಿಕ್ ಹಾಕಿ. ಇನ್ನೊಂದು ಸಲ ರೆಕಾರ್ಡ್ ಮಾಡಿ.

ಉಪ್ಪಳ 144 · 11:30

ಟ್ರ್ಯಾಕ್ ಎಲ್ಲ ಬಿಡಿ. ವಾಯ್ಸ್‌ಮೀಟರ್ ಅನ್ನುವ ಮಿಕ್ಸರ್ ಸಾಫ್ಟ್‌ವೇರ್ ಹಾಕಿ, ಒಂದೇ ಏಟಿಗೆ ಮುಗಿಯುತ್ತದೆ. ಗೇಮ್ ಒಂದು ಕಡೆ, ಡಿಸ್ಕಾರ್ಡ್ ಒಂದು ಕಡೆ, ಮೈಕ್ ಒಂದು ಕಡೆ, ಎಲ್ಲದಕ್ಕೂ ಸೌಂಡ್ ಏರಿಸಿ ಇಳಿಸುವ ಬೇರೆ ಬೇರೆ ಫೇಡರ್. ನಾನು ಎರಡು ವರ್ಷದಿಂದ ಅದರಲ್ಲೇ ಇದ್ದೇನೆ. ನನ್ನದು ಎರಡು ಮಾನಿಟರ್, ಒಂದು 144 ಹರ್ಟ್ಸ್, ಎಕ್ಸ್‌ಎಲ್‌ಆರ್ ಮೈಕ್, ಅದಕ್ಕೆ ಬೇರೆ ಇಂಟರ್ಫೇಸ್. ಒಂದು ದಿನವೂ ಸ್ವರ ತಪ್ಪಿಲ್ಲ.

ಮುಳ್ಳೇರಿಯ ಮಿಕ್ಸರ್ · 11:38

ಒಬಿಎಸ್ ಒಂದನ್ನೇ ಸರಿ ಮಾಡಲಾಗದೆ ಒದ್ದಾಡುವವರಿಗೆ ವಾಯ್ಸ್‌ಮೀಟರ್ ಯಾಕೆ? ವಿಂಡೋಸಿನ ಡಿಫಾಲ್ಟ್ ಎಲ್ಲ ಬದಲಾಗುತ್ತದೆ. ನಾಳೆ ಅವರಿಗೆ ಗೇಮಿನ ಸೌಂಡೂ ಇರುವುದಿಲ್ಲ.

ಉಪ್ಪಳ 144 · 11:41

ಸರಿಯಾಗಿ ಹಾಕಿದರೆ ಏನೂ ಆಗುವುದಿಲ್ಲ. ಮತ್ತೆ ಸ್ಯಾಂಪಲ್ ರೇಟ್, ಸೆಕೆಂಡಿಗೆ ಎಷ್ಟು ಸಲ ಸೌಂಡನ್ನು ಅಳೆಯುತ್ತದೆ ಅನ್ನುವುದು, ನೋಡಿದ್ದೀರಾ? ಒಂದು ಕಡೆ 44,100, ಇನ್ನೊಂದು ಕಡೆ 48,000 ಇದ್ದರೆ ಹೀಗೇ ಆಗುವುದು.

ಮುಳ್ಳೇರಿಯ ಮಿಕ್ಸರ್ · 11:44

ಆಗುವುದಿಲ್ಲ. ಅದಕ್ಕೆ ಸ್ವರ ಹೋಗುವುದಿಲ್ಲ. ವಿಂಡೋಸ್ ತಾನೇ ಒಂದರಿಂದ ಇನ್ನೊಂದಕ್ಕೆ ಬದಲಿಸಿಕೊಳ್ಳುತ್ತದೆ. ಕೆಟ್ಟರೆ ಚಟಪಟ ಅನ್ನಬಹುದು, ಇಲ್ಲವೇ ಉದ್ದದ ಫೈಲಿನಲ್ಲಿ ಚಿತ್ರಕ್ಕೂ ಸೌಂಡಿಗೂ ತಾಳೆ ತಪ್ಪಬಹುದು. ಮೂರು ಜನ ಪೂರ್ತಿ ಮಾಯ ಆಗುವುದಿಲ್ಲ.

ಉಪ್ಪಳ 144 · 11:46

ನನಗೆ ಆಗಿದೆ. ಆದದ್ದನ್ನು ಹೇಳುತ್ತಿದ್ದೇನೆ.

ನೀರ್ಚಾಲಿನವ · ಭಾನುವಾರ, ಬೆಳಿಗ್ಗೆ 7:20

ಮುಳ್ಳೇರಿಯದ ಅಣ್ಣ ಹೇಳಿದ ಹಾಗೆ ಮಾಡಿದೆ. ಈಗ ಮೂರು ಟ್ರ್ಯಾಕ್ ಬಂತು. ಮೂರರಲ್ಲೂ ಗೇಮ್ ಮತ್ತು ನಾನು. ಅಷ್ಟೇ. ಸ್ಯಾಂಪಲ್ ರೇಟ್ ಎರಡೂ ಕಡೆ 48,000 ಮಾಡಿದೆ, ಏನೂ ಬದಲಾಗಲಿಲ್ಲ. ರಾತ್ರಿ ಎರಡು ಗಂಟೆಯವರೆಗೆ ಕೂತಿದ್ದೆ. ದಯವಿಟ್ಟು ನೀವು ನೀವೇ ಜಗಳ ಮಾಡಬೇಡಿ. ನನಗೆ ಇವತ್ತು ಒಂದೇ ದಿನ ಇರುವುದು.

ಮುಳ್ಳೇರಿಯ ಮಿಕ್ಸರ್ · 7:31

ಹೊಸದಾಗಿ ಟಿಕ್ ಹಾಕಿದಾಗ ಎಲ್ಲ ಸೋರ್ಸೂ ಎಲ್ಲ ಟ್ರ್ಯಾಕಿಗೂ ಹೋಗುತ್ತದೆ. ಅದಕ್ಕೇ ಮೂರರಲ್ಲೂ ಅದೇ ಬಂದದ್ದು. ಅಡ್ವಾನ್ಸ್ಡ್ ಆಡಿಯೊ ಪ್ರಾಪರ್ಟೀಸಿಗೆ ಹೋಗಿ ಡೆಸ್ಕ್‌ಟಾಪ್ ಆಡಿಯೊಗೆ, ಅಂದರೆ ಕಂಪ್ಯೂಟರಿನಿಂದ ಹೊರಡುವ ಸೌಂಡಿಗೆ, 2 ಮಾತ್ರ ಬಿಡಿ, ಮೈಕಿಗೆ 3 ಮಾತ್ರ ಬಿಡಿ. ಆಗ ಗೊತ್ತಾಗುತ್ತದೆ.

ಪೆರ್ಲದ ಮದ್ದಳೆ · 8:02

ಟ್ರ್ಯಾಕ್ ಸ್ವಲ್ಪ ಹೊತ್ತು ಬದಿಗೆ ಇಡೋಣ. ತಮ್ಮ, ಒಂದು ಕೆಲಸ ಮಾಡು. ಗೇಮ್ ಮುಚ್ಚು. ಡಿಸ್ಕಾರ್ಡ್ ಕಾಲ್ ಮಾತ್ರ ಇರಲಿ. ನಿನ್ನ ಮೈಕ್ ಮ್ಯೂಟ್ ಮಾಡಿ ಒಬ್ಬ ಗೆಳೆಯನಿಗೆ ಒಂದು ನಿಮಿಷ ಮಾತಾಡಲು ಹೇಳು. ಆಗ ಒಬಿಎಸ್ ಮಿಕ್ಸರಿನಲ್ಲಿ ಡೆಸ್ಕ್‌ಟಾಪ್ ಆಡಿಯೊದ ಹಸಿರು ಪಟ್ಟಿ ಅಲುಗುತ್ತದಾ ನೋಡು. ಮತ್ತೆ ಹಾಳಾದ ರೆಕಾರ್ಡಿಂಗಿನಿಂದ ಅರ್ಧ ನಿಮಿಷದ ತುಂಡು ಹಾಕು. ನೀನು ಮಾತಾಡುವ ಜಾಗ.

ನೀರ್ಚಾಲಿನವ · 8:25

ಅಲುಗುವುದೇ ಇಲ್ಲ ಅಕ್ಕ. ಅವನು ಕಿರುಚಿದರೂ ಇಲ್ಲ. ಕಿವಿಗೆ ಮಾತ್ರ ಜೋರಾಗಿ ಕೇಳುತ್ತದೆ. ತುಂಡು ಹಾಕಿದ್ದೇನೆ.

ಪೆರ್ಲದ ಮದ್ದಳೆ · 8:48

ಹಾಗಾದರೆ ಟ್ರ್ಯಾಕಿಗೂ ಇದಕ್ಕೂ ಸಂಬಂಧ ಇಲ್ಲ. ತೋಟಕ್ಕೆ ನೀರು ಬಾರದಿದ್ದಾಗ ನೀರು ಚಿಮ್ಮುವ ಜೆಟ್ ಬಿಚ್ಚಿ ಬಿಚ್ಚಿ ತೊಳೆದು ಪ್ರಯೋಜನ ಇಲ್ಲ, ಮೊದಲು ಗೇಟ್‌ವಾಲ್ ನೋಡಬೇಕು. ಗೆಳೆಯರ ಸ್ವರ ಒಬಿಎಸ್‌ವರೆಗೆ ಬರುತ್ತಲೇ ಇಲ್ಲ.

ತುಂಡು ಕೇಳಿದೆ. ಎರಡು ವಿಷಯ ಕಿವಿಗೆ ಬಿತ್ತು. ಒಂದು, ನೀನು ಮಾತಾಡುವಾಗ ಗೇಮಿನ ಸೌಂಡ್ ಎರಡು ಸಲ ಕೇಳುತ್ತದೆ. ಒಂದು ಸ್ಪಷ್ಟವಾಗಿ, ಇನ್ನೊಂದು ಸಣ್ಣದಾಗಿ ಹಿಂದಿನಿಂದ. ನಾನು ತಾಳಮದ್ದಳೆ ರೆಕಾರ್ಡ್ ಮಾಡುವವಳು. ಚೆಂಡೆಯ ಸದ್ದು ಅರ್ಥಧಾರಿಯ ಮೈಕಿಗೆ ನುಗ್ಗಿದಾಗ ಹೀಗೇ ಕೇಳುವುದು. ಅಂದರೆ ನಿನ್ನ ಗೇಮಿನ ಸೌಂಡ್ ಲ್ಯಾಪ್‌ಟಾಪ್ ಸ್ಪೀಕರಿನಿಂದ ಹೊರಗೆ ಬಂದು ಮೈಕಿಗೆ ಹೋಗುತ್ತಿದೆ. ಎರಡು, ನಿನ್ನ ಸ್ವರ ಹಳೆಯ ಫೋನಿನಲ್ಲಿ ಮಾತಾಡಿದ ಹಾಗೆ ಉಂಟು. ‘ಸ’ ಮತ್ತು ‘ಶ’ ಬೇರೆ ಬೇರೆಯಾಗಿ ಗೊತ್ತೇ ಆಗುವುದಿಲ್ಲ.

ನಿನ್ನದು ಬ್ಲೂಟೂತ್ ಹೆಡ್‌ಸೆಟ್ಟಾ? ಗೇಮ್ ಸ್ಪೀಕರಿನಲ್ಲಿ, ಗೆಳೆಯರು ಹೆಡ್‌ಸೆಟ್ಟಿನಲ್ಲಿ, ಹಾಗೆಯಾ?

ನೀರ್ಚಾಲಿನವ · 8:55

ಹೌದು ಅಕ್ಕ! ಮಾವ ದುಬೈಯಿಂದ ತಂದದ್ದು, ವಯರ್ ಇಲ್ಲದ್ದು. ಮೊದಲು ಎಲ್ಲ ಅದರಲ್ಲೇ ಇತ್ತು. ಆದರೆ ಡಿಸ್ಕಾರ್ಡ್ ಕಾಲ್ ಶುರುವಾದ ಕೂಡಲೇ ಗೇಮಿನ ಸೌಂಡ್ ಹೋಗುತ್ತಿತ್ತು. ಅದಕ್ಕೆ ಗೇಮನ್ನು ಸ್ಪೀಕರಿಗೆ ಹಾಕಿ ಆಡುವುದು ಅಭ್ಯಾಸ ಆಗಿದೆ. ಒಂದು ವರ್ಷದಿಂದ ಹಾಗೆಯೇ. ಇದನ್ನು ಹೇಳಬೇಕು ಅಂತ ನನಗೆ ಗೊತ್ತಿರಲಿಲ್ಲ. ವಿಂಡೋಸ್ 10.

ಪೆರ್ಲದ ಮದ್ದಳೆ · 9:20

ಅಲ್ಲೇ ಉಂಟು ವಿಷಯ.

ವಿಂಡೋಸ್ 10 ಒಂದು ಬ್ಲೂಟೂತ್ ಹೆಡ್‌ಸೆಟ್ಟನ್ನು ಎರಡು ಸಾಧನದ ಹಾಗೆ ತೋರಿಸುತ್ತದೆ. ಒಂದರ ಹೆಸರಿನಲ್ಲಿ ಸ್ಟೀರಿಯೊ ಅಂತ ಇರುತ್ತದೆ, ಇನ್ನೊಂದರಲ್ಲಿ ಹ್ಯಾಂಡ್ಸ್-ಫ್ರೀ ಅಂತ. ಹಾಡು ಕೇಳುವುದಕ್ಕೆ ಸ್ಟೀರಿಯೊ. ಅದರಲ್ಲಿ ಸೌಂಡ್ ಚೆನ್ನಾಗಿರುತ್ತದೆ, ಆದರೆ ಮೈಕ್ ಇಲ್ಲ. ಡಿಸ್ಕಾರ್ಡ್ ಹೆಡ್‌ಸೆಟ್ಟಿನ ಮೈಕ್ ಕೇಳಿದ ಕೂಡಲೇ ಅದು ಫೋನ್ ಕಾಲಿನ ರೀತಿಗೆ ಹೊರಳುತ್ತದೆ. ಆಗ ಸ್ಟೀರಿಯೊ ಸುಮ್ಮನಾಗುತ್ತದೆ. ನಿನ್ನ ಗೇಮಿನ ಸೌಂಡ್ ಹೋದದ್ದು ಅದಕ್ಕೇ. ಕಾಲಿನ ರೀತಿಯಲ್ಲಿ ಮೈಕಿನ ಸ್ಯಾಂಪಲ್ ರೇಟ್ 8,000 ಅಥವಾ 16,000 ಮಾತ್ರ. 8,000 ಅಂದರೆ 4,000 ಹರ್ಟ್ಸ್‌ಗಿಂತ ಮೇಲಿನದ್ದು ಬರುವುದೇ ಇಲ್ಲ. ‘ಸ’ಕಾರದ ಹೆಚ್ಚಿನ ಸದ್ದು ಇರುವುದು ಅದಕ್ಕಿಂತ ಮೇಲೆ.

ಈಗ ಒಬಿಎಸ್. ಅದರ ಡೆಸ್ಕ್‌ಟಾಪ್ ಆಡಿಯೊ ಡಿಫಾಲ್ಟ್‌ನಲ್ಲಿದ್ದರೆ ವಿಂಡೋಸಿನ ಡಿಫಾಲ್ಟ್ ಸಾಧನ ಒಂದನ್ನೇ ಕೇಳುತ್ತದೆ. ನಿನ್ನಲ್ಲಿ ಅದು ಸ್ಪೀಕರ್. ಗೆಳೆಯರು ಮಾತಾಡುವುದು ಹ್ಯಾಂಡ್ಸ್-ಫ್ರೀಯಲ್ಲಿ. ಒಬಿಎಸ್ ಆ ಕಡೆಗೆ ಕಿವಿಯನ್ನೇ ಕೊಟ್ಟಿಲ್ಲ.

ಅರ್ಜೆಂಟಿಗೆ ಆಗುವುದು: ಒಬಿಎಸ್ ಸೆಟ್ಟಿಂಗಿನಲ್ಲಿ ಆಡಿಯೊ, ಅಲ್ಲಿ ಡೆಸ್ಕ್‌ಟಾಪ್ ಆಡಿಯೊ 2 ಅಂತ ಉಂಟು. ಅದಕ್ಕೆ ಹ್ಯಾಂಡ್ಸ್-ಫ್ರೀ ಆರಿಸು. ಆದರೆ ಇದರಲ್ಲಿ ನಿನ್ನ ಸ್ವರ ಫೋನಿನ ಹಾಗೆಯೇ ಉಳಿಯುತ್ತದೆ, ಸ್ಪೀಕರಿನ ಸೋರಿಕೆಯೂ ಉಳಿಯುತ್ತದೆ.

ನನ್ನನ್ನು ಕೇಳಿದರೆ ಇವತ್ತಿನ ಮಟ್ಟಿಗೆ ಬ್ಲೂಟೂತ್ ಬಿಡು. ಮೊಬೈಲಿನ ವಯರಿನ ಇಯರ್‌ಫೋನ್ ಮನೆಯಲ್ಲಿ ಇರಬಹುದು. ಅದರ ಪಿನ್ನಿನಲ್ಲಿ ಮೂರು ಕಪ್ಪು ಗೆರೆ ಇದ್ದರೆ ಮೈಕ್ ಉಂಟು, ಎರಡೇ ಇದ್ದರೆ ಇಲ್ಲ. ಲ್ಯಾಪ್‌ಟಾಪಿನಲ್ಲಿ ಇಯರ್‌ಫೋನಿಗೂ ಮೈಕಿಗೂ ಒಂದೇ ತೂತಾದರೆ ಸೀದಾ ಹಾಕು. ಡಿಸ್ಕಾರ್ಡ್, ಗೇಮ್, ವಿಂಡೋಸ್ ಮೂರಕ್ಕೂ ಅದೇ ಒಂದು ಸಾಧನ ಇರಲಿ.

ನೀರ್ಚಾಲಿನವ · 9:58

ಅಕ್ಕ, ಡೆಸ್ಕ್‌ಟಾಪ್ ಆಡಿಯೊ 2 ಹಾಕಿದ ಕೂಡಲೇ ಪಟ್ಟಿ ಅಲುಗಿತು! ಸ್ವರ ಬಂತು! ಆಮೇಲೆ ತಂಗಿಯ ಇಯರ್‌ಫೋನ್ ತಂದೆ, ಮೂರು ಗೆರೆ ಉಂಟು. ಈಗ ಎಲ್ಲ ಅದರಲ್ಲೇ. ವ್ಯತ್ಯಾಸ ಎಷ್ಟು ಅಂದರೆ ನನ್ನ ಸ್ವರ ಇಷ್ಟು ದಿನ ಹಾಗಿತ್ತಾ ಅಂತ ಬೇಸರವೇ ಆಯಿತು. ಹಳೆಯ ಎರಡು ಗಂಟೆಯ ಫೈಲಿನಿಂದ ಅವರ ಸ್ವರ ಹೇಗಾದರೂ ತೆಗೆಯಲು ಆಗುತ್ತದಾ?

ಪೆರ್ಲದ ಮದ್ದಳೆ · 10:03

ಇಲ್ಲ ತಮ್ಮ. ಫೈಲಿನ ಒಳಗೆ ಹೋಗದ್ದನ್ನು ಹೊರಗೆ ತೆಗೆಯಲು ಆಗುವುದಿಲ್ಲ. ಗೆಳೆಯರಲ್ಲಿ ಯಾರಾದರೂ ಅವರ ಕಡೆಯಿಂದ ರೆಕಾರ್ಡ್ ಮಾಡಿದ್ದರೆ ಮಾತ್ರ.

ಮುಳ್ಳೇರಿಯ ಮಿಕ್ಸರ್ · 10:15

ನಾನು ಟ್ರ್ಯಾಕ್ ಅಂತ ಹಟ ಹಿಡಿದದ್ದು ತಪ್ಪಾಯಿತು, ಮೊದಲು ಮಿಕ್ಸರಿನ ಹಸಿರು ಪಟ್ಟಿಯ ವಿಷಯ ಕೇಳಬೇಕಿತ್ತು. ಆದರೆ ಸ್ವರ ಬರುತ್ತದೆ ಅಂತಾದ ಮೇಲೆ ಟ್ರ್ಯಾಕ್ ನಿಜವಾಗಿ ಬೇಕು, ಇದನ್ನು ಬಿಡಬೇಡಿ. ಒಬಿಎಸ್ 28ರಿಂದ ಅಪ್ಲಿಕೇಶನ್ ಆಡಿಯೊ ಕ್ಯಾಪ್ಚರ್ ಅಂತ ಒಂದು ಸೋರ್ಸ್ ಬಂದಿದೆ, 2022ರಲ್ಲಿ. ವಿಂಡೋಸ್ 10 ಆದರೆ ಆವೃತ್ತಿ 2004 ಅಥವಾ ಅದರ ನಂತರದ್ದು ಬೇಕು. ಆ 2004 ವರ್ಷ ಅಲ್ಲ, 2020ರ ಮೇ ಅಪ್‌ಡೇಟಿನ ಸಂಖ್ಯೆ. ಇದರಲ್ಲಿ ಯಾವ ಸಾಧನ ಅಂತ ನೋಡುವುದಿಲ್ಲ, ಯಾವ ಪ್ರೋಗ್ರಾಮ್ ಅಂತ ನೋಡುತ್ತದೆ. ಡಿಸ್ಕಾರ್ಡ್‌ಗೆ ಒಂದು ಸೋರ್ಸ್, ಗೇಮಿಗೆ ಒಂದು. ಮೈನ್‌ಕ್ರಾಫ್ಟ್ ಜಾವಾ ಎಡಿಶನ್ ಆದರೆ ಪಟ್ಟಿಯಲ್ಲಿ ಜಾವಾಡಬ್ಲ್ಯೂ ಅಂತ ಕಾಣುತ್ತದೆ, ಹುಡುಕಿ ಸುಸ್ತಾಗಬೇಡಿ. ಇವೆರಡು ಹಾಕಿದ ಮೇಲೆ ಡೆಸ್ಕ್‌ಟಾಪ್ ಆಡಿಯೊ ಎರಡನ್ನೂ ಡಿಸೇಬಲ್ ಮಾಡಿ, ಇಲ್ಲದಿದ್ದರೆ ಪ್ರತಿ ಸೌಂಡೂ ಎರಡೆರಡು ಸಲ ಬರುತ್ತದೆ.

ಟ್ರ್ಯಾಕ್ 1ರಲ್ಲಿ ಎಲ್ಲ ಒಟ್ಟಿಗೆ, 2ರಲ್ಲಿ ಗೇಮ್, 3ರಲ್ಲಿ ಡಿಸ್ಕಾರ್ಡ್, 4ರಲ್ಲಿ ನೀವು. ಟಿಎನ್‌ಟಿ ಸಿಡಿಯುವಾಗ ಯಾರಾದರೂ ಮಾತಾಡಿದರೂ ಎಡಿಟಿಂಗಿನಲ್ಲಿ ಗೇಮ್ ಮಾತ್ರ ತಗ್ಗಿಸಬಹುದು.

ಉಪ್ಪಳ 144 · 10:22

ಇದನ್ನೇ ವಾಯ್ಸ್‌ಮೀಟರಿನಲ್ಲಿ ನಾನು ಎರಡು ವರ್ಷದಿಂದ ಮಾಡುತ್ತಿರುವುದು. ಆದರೆ ಸರಿ, ಇದು ಸುಲಭ. ನಾನೂ ನೋಡುತ್ತೇನೆ.

ಬದಿಯಡ್ಕ ಗೋಣಿ · 10:40

ಒಂದು ಪ್ರಶ್ನೆ. ರೆಕಾರ್ಡ್ ಆಗುತ್ತಿದೆ ಅಂತ ಆ ಮೂವರಿಗೂ ಗೊತ್ತುಂಟಾ? ಮನೆಯವರ ಮಾತು ಹಿಂದಿನಿಂದ ಬರುತ್ತದೆ, ಅದೆಲ್ಲ ಹೊರಗೆ ಹೋಗುತ್ತದೆ. ನಮ್ಮ ಗುಂಪಿನಲ್ಲಿ ಇದೇ ವಿಷಯಕ್ಕೆ ಒಬ್ಬ ಆಡುವುದನ್ನೇ ಬಿಟ್ಟ. ಡಿಸ್ಕಾರ್ಡ್‌ಗೆ ಕ್ರೇಗ್ ಅಂತ ಒಂದು ಬಾಟ್, ತಾನಾಗಿ ಕೆಲಸ ಮಾಡುವ ಪ್ರೋಗ್ರಾಮ್, ಉಂಟು. ಅದು ಚಾನೆಲ್ಲಿಗೆ ಬಂದು ರೆಕಾರ್ಡ್ ಶುರುವಾಯಿತು ಅಂತ ಎಲ್ಲರಿಗೂ ತಿಳಿಸುತ್ತದೆ. ಒಬ್ಬೊಬ್ಬರ ಸ್ವರವನ್ನೂ ಬೇರೆ ಬೇರೆ ಫೈಲಾಗಿ ಕೊಡುತ್ತದೆ.

ಮತ್ತೆ ಮಳೆಗಾಲ, ಕರೆಂಟ್ ಯಾವಾಗ ಹೋಗುತ್ತದೆ ಹೇಳಲಾಗದು. ಎಂಪಿ4ರಲ್ಲಿ ರೆಕಾರ್ಡ್ ಮಾಡಬೇಡಿ, ನಡುವೆ ನಿಂತರೆ ಫೈಲ್ ತೆರೆಯುವುದೇ ಇಲ್ಲ. ಎಂಕೆವಿ ಫಾರ್ಮ್ಯಾಟ್ ಇಡಿ. ಆಮೇಲೆ ಫೈಲ್ ಮೆನುವಿನ ರೀಮಕ್ಸ್‌ನಲ್ಲಿ ಎಂಪಿ4 ಮಾಡಿಕೊಳ್ಳಬಹುದು. ನಾನು ಇನ್ವರ್ಟರ್ ಇದ್ದೂ ಎಂಕೆವಿಯೇ ಮಾಡುವುದು. ನನ್ನ ರೆಕಾರ್ಡಿಂಗ್ ರೂಮ್ ಉಪ್ಪರಿಗೆಯಲ್ಲಿ. ಮೂರು ಗೋಡೆಗೂ ಅಡಿಕೆಯ ಖಾಲಿ ಗೋಣಿ ಎರಡೆರಡು ಪದರ ಇಳಿಬಿಟ್ಟಿದ್ದೇನೆ. ಪ್ರತಿಧ್ವನಿ ತುಂಬ ಕಡಿಮೆಯಾಗಿದೆ, ಫೋಮಿಗೆ ಹಣ ಹಾಕಲಿಲ್ಲ.

ನೀರ್ಚಾಲಿನವ · 10:47

ಮೂವರಿಗೂ ಗೊತ್ತುಂಟು, ಅವರೇ ಹೇಳಿದ್ದು ರೆಕಾರ್ಡ್ ಮಾಡುವ ಅಂತ. ಮನೆಯವರ ವಿಷಯ ನಾವು ಯೋಚಿಸಿರಲಿಲ್ಲ, ಇವತ್ತು ಹೇಳುತ್ತೇನೆ. ಎಂಕೆವಿ ಮಾಡಿದೆ.

ಮುಳ್ಳೇರಿಯ ಮಿಕ್ಸರ್ · 10:52

ಕೋಟೆ ನಿಜವಾದ ಅಳತೆಯಲ್ಲೇ ಕಟ್ಟುತ್ತಿದ್ದೀರಾ? ಬೇಕಲ ಸುಮಾರು 40 ಎಕರೆ. ಒಂದು ಬ್ಲಾಕ್ ಒಂದು ಮೀಟರ್ ಲೆಕ್ಕದಲ್ಲಿ ನೆಲವೇ 1 ಲಕ್ಷ 60 ಸಾವಿರ ಬ್ಲಾಕ್ ದಾಟುತ್ತದೆ.

ನೀರ್ಚಾಲಿನವ · 10:56

ನಿಜವಾದ ಅಳತೆಯೇ ಅಣ್ಣ. ಅದಕ್ಕೇ ಏಳು ತಿಂಗಳಾದದ್ದು. ಶಿವಪ್ಪ ನಾಯಕನ ಕಾಲದ ಕೋಟೆ ಅಂತ ಶಾಲೆಯಲ್ಲಿ ಓದಿದ್ದು. ಕನ್ನಡದಲ್ಲಿ ಒಂದು ವಿಡಿಯೊ ಇರಲಿ ಅಂತ ನಾಲ್ವರಿಗೂ ಆಸೆ.

ನೀರ್ಚಾಲಿನವ · ರಾತ್ರಿ 9:34

ಮೂರು ಗಂಟೆ ಹತ್ತು ನಿಮಿಷ ರೆಕಾರ್ಡ್ ಆಯಿತು. ನಾಲ್ವರೂ ಕೇಳುತ್ತೇವೆ. ಮೂರೂವರೆಗೆ ಒಂದು ಸಲ ಕರೆಂಟ್ ಹೋಯಿತು. ಲ್ಯಾಪ್‌ಟಾಪ್ ನಿಲ್ಲಲಿಲ್ಲ, ವೈಫೈ ಹೋಯಿತು. ಮೊಬೈಲ್ ನೆಟ್‌ನಲ್ಲಿ ಮುಂದುವರಿಸಿದೆವು. ಸಮುದ್ರದ ಕಡೆಯ ಗೋಡೆಯ ಕೊನೆಯ ಬ್ಲಾಕ್ ಮೈಸೂರಿಗೆ ಹೋಗುವವನೇ ಇಟ್ಟ. ಅವನು ಆಗ ಹೇಳಿದ್ದು ಪೂರ್ತಿ ಫೈಲಿನಲ್ಲಿ ಉಂಟು, ಎರಡು ಸಲ ಕೇಳಿದೆ. ಎಲ್ಲರಿಗೂ ತುಂಬ ಥ್ಯಾಂಕ್ಸ್, ಪೆರ್ಲದ ಅಕ್ಕನಿಗೆ ಜಾಸ್ತಿ.

ಒಂದೇ ತೊಂದರೆ. ಮಂಜೇಶ್ವರದವನ ಮನೆಗೆ ಶೀಟಿನ ಮಾಡು. ನಾಲ್ಕು ಗಂಟೆಗೆ ಜೋರು ಮಳೆ ಬಂತು. ಮೂರನೇ ಟ್ರ್ಯಾಕಿನಲ್ಲಿ ಅವನ ಮಳೆಯ ಕೆಳಗೆ ಉಳಿದ ಇಬ್ಬರೂ ಮುಳುಗಿದ್ದಾರೆ. ಬಾಟ್ ಹಾಕಲು ಮರೆತೆ.

ಪೆರ್ಲದ ಮದ್ದಳೆ · 9:50

ಡಿಸ್ಕಾರ್ಡ್ ಮೂವರನ್ನೂ ಬೆರೆಸಿಯೇ ಕೊಡುವುದು. ಬೆರೆತ ಮೇಲೆ ಒಬ್ಬನನ್ನು ಬೇರೆ ಮಾಡುವುದು ಕಷ್ಟ. ಆ ಟ್ರ್ಯಾಕನ್ನು ಆಡಾಸಿಟಿ ಅನ್ನುವ ಆಡಿಯೊ ಎಡಿಟರಿನಲ್ಲಿ ತೆರೆ. ಬರೇ ಮಳೆ ಇರುವ ಎರಡು ಸೆಕೆಂಡ್ ಆರಿಸಿ ನಾಯ್ಸ್ ರಿಡಕ್ಷನ್‌ಗೆ ಅದರ ಮಾದರಿ ಕೊಡು. ಮಳೆ ಇರುವ ಭಾಗಕ್ಕೆ ಮಾತ್ರ ಹಾಕು. 6 ಡಿಬಿಯಿಂದ ಶುರು ಮಾಡು, 12ಕ್ಕಿಂತ ಮೇಲೆ ಹೋಗಬೇಡ, ಸ್ವರ ತಗಡಿನ ಹಾಗೆ ಆಗುತ್ತದೆ. ಸ್ವಲ್ಪ ಮಳೆ ಉಳಿಯಲಿ.

ಬದಿಯಡ್ಕ ಗೋಣಿ · 10:05

ಮುಂದಿನ ಸಲ ಅವನಿಗೆ ಡಿಸ್ಕಾರ್ಡ್‌ನಲ್ಲಿ ಹಿಂದಿನ ಗದ್ದಲ ತಡೆಯುವ ಕ್ರಿಸ್ಪ್ ಆನ್ ಮಾಡಲು ಹೇಳಿ. ಮಾಡಿನ ಕೆಳಗೆ ಗೋಣಿ ಕಟ್ಟಿದರೂ ಸ್ವಲ್ಪ ತಗ್ಗುತ್ತದೆ. ಬೇಕಾದರೆ ನನ್ನ ರೂಮಿನ ಫೋಟೊ ಹಾಕುತ್ತೇನೆ.

ಉಪ್ಪಳ 144 · 10:09

ಹಾಕಿ. ಗೋಣಿಗೆ ಅಡಿಕೆಯ ವಾಸನೆ ಇರುವುದಿಲ್ಲವಾ? ಎಷ್ಟು ಗೋಣಿ ಬೇಕಾಯಿತು?