ಜಗ್ಲರ್‌ಗೆ ರೇಡಿಯೋದಲ್ಲಿ ಏನು ಕೆಲಸ?

ತಿರುಗುಬಾಣ ಕೇಳಿದ್ದು:
ಅಮೆರಿಕದ ಹಳೇ ರೇಡಿಯೋ ರೆಕಾರ್ಡಿಂಗ್ ಕೇಳುವ ಚಟ ಈಚೆಗೆ ಹತ್ತಿದೆ. ಹಾಸ್ಯಗಾರ ಫ್ರೆಡ್ ಅಲೆನ್ ಅಂದರೆ ತುಂಬಾ ಇಷ್ಟ. ಆದರೆ ಆತ ಮೊದಲು ವಾಡ್ವಿಲ್ ರಂಗದಲ್ಲಿ (ಹಾಡು, ಹಾಸ್ಯ, ಕಸರತ್ತು ಎಲ್ಲ ಒಂದೇ ವೇದಿಕೆಯಲ್ಲಿ ನಡೆಯುತ್ತಿದ್ದ ಪ್ರದರ್ಶನ) ಜಗ್ಲರ್ ಆಗಿದ್ದನಂತೆ. ಚೆಂಡು ಎಸೆದು ಹಿಡಿಯುವವನನ್ನು ರೇಡಿಯೋದವರು ಯಾಕೆ ಕರೆದರು? ಕೇಳುವವರಿಗೆ ಏನು ಕಾಣುತ್ತದೆ?

ಹಳೇವಾಲ್ವು:
ಒಳ್ಳೇ ಜಗ್ಲರ್ ಆಗಿದ್ದಿದ್ದರೆ ಬರುತ್ತಲೇ ಇರಲಿಲ್ಲವೇನೋ! ಆತನ ಕೈಗಿಂತ ಬಾಯಿ ಚುರುಕು. ಚೆಂಡು ಜಾರಿದರೆ ಮಾತಿನಲ್ಲಿ ಸಂಭಾಳಿಸುತ್ತಿದ್ದ, ಜನ ಆ ಮಾತಿಗೇ ಜಾಸ್ತಿ ನಗುತ್ತಿದ್ದರು. ಕೊನೆಗೆ ‘ಜಗತ್ತಿನ ಅತಿ ಕೆಟ್ಟ ಜಗ್ಲರ್’ ಅಂತಲೇ ಹೆಸರು ಹಾಕಿಸಿಕೊಂಡ. 1932ರ ಅಕ್ಟೋಬರ್‌ನಲ್ಲಿ ಸಿಬಿಎಸ್ ರೇಡಿಯೋ ಜಾಲದ ಮೈಕಿನ ಮುಂದೆ ನಿಲ್ಲುವ ಹೊತ್ತಿಗೆ ಚೆಂಡಿನ ಆಟ ಎಂದೋ ಹಿಂದೆ ಬಿದ್ದಿತ್ತು. ಉಳಿದದ್ದು ಮೂಗಿನಿಂದ ಹೊರಡುವ ಆ ಒಣ ದನಿ.

ಬರದೇ ಗತಿಯೂ ಇರಲಿಲ್ಲ ಅನ್ನಿ. ಟಾಕಿ ಸಿನಿಮಾ ಬಂದಿತ್ತು, ಜನರ ಜೇಬು ಖಾಲಿಯಾಗಿತ್ತು. ವಾಡ್ವಿಲ್‌ನವರಿಗೆ ದೇವಸ್ಥಾನದಂತಿದ್ದ ನ್ಯೂಯಾರ್ಕಿನ ಪ್ಯಾಲೇಸ್ ಥಿಯೇಟರೇ 1932ರ ಕೊನೆಗೆ ಸಿನಿಮಾಕ್ಕೆ ತಿರುಗಿತು.

ನನಗೆ ಪಾಪ ಅನಿಸುವುದು ಇನ್ನೊಂದು ವಿಷಯಕ್ಕೆ. ವಾಡ್ವಿಲ್‌ನಲ್ಲಿ ಹದಿನೈದು ನಿಮಿಷದ ಒಂದು ಐಟಂ ಪಳಗಿದರೆ ಸಾಕು, ಅದೇ ಬಂಡವಾಳ. ಊರು ಬದಲಾಗುತ್ತದೆ, ಐಟಂ ಅದೇ. ವರ್ಷಗಟ್ಟಲೆ ಹೊಟ್ಟೆಪಾಡು ನಡೆಯುತ್ತದೆ. ರೇಡಿಯೋದಲ್ಲಿ ಒಂದೇ ರಾತ್ರಿ ಇಡೀ ದೇಶ ಕೇಳಿಬಿಟ್ಟಿತು. ಮುಂದಿನ ವಾರ ಏನು ಮಾಡುತ್ತೀಯ? ಅಲೆನ್‌ಗೆ 1934ರಿಂದ ವಾರಕ್ಕೆ ಒಂದು ಗಂಟೆ ತುಂಬಿಸುವ ಕೆಲಸ. ಸಹಾಯಕರಿದ್ದರೂ ಬರವಣಿಗೆಯ ಬಹುಪಾಲು ಆತನದೇ. ದಿನಪತ್ರಿಕೆಯ ಸುದ್ದಿ ಹಿಡಿದು ಗೇಲಿ ಮಾಡುತ್ತಿದ್ದುದು ಸುಮ್ನೆ ಅಲ್ಲ. ಸುದ್ದಿಯಾದರೂ ಪ್ರತಿವಾರ ಹೊಸದಾಗಿ ಸಿಗುತ್ತದಲ್ವಾ!

ಮೂಲೆಮನೆ:
ವಾಡ್ವಿಲ್‌ನ ಇನ್ನೊಬ್ಬ ಹಾಸ್ಯಗಾರ ಎಡ್ ವಿನ್ ಕಥೆ ಬಿಟ್ಟಿರಲ್ಲ. 1922ರಲ್ಲಿ ನ್ಯೂಜೆರ್ಸಿಯ ನ್ಯೂಆರ್ಕ್ ಸ್ಟೇಷನ್ನಿಗೆ ತನ್ನ ನಾಟಕ ಆಡಲು ಹೋಗಿದ್ದ. ಜೋಕ್ ಹೇಳಿದರೆ ಎದುರಿಗೆ ಮೈಕು ಮಾತ್ರ, ಒಂದು ನಗೆ ಇಲ್ಲ. ಕಂಗಾಲಾಗಿ, ಸ್ಟೇಷನ್ನಿನಲ್ಲಿ ಸಿಕ್ಕಸಿಕ್ಕವರನ್ನೆಲ್ಲ ಎದುರಿಗೆ ಕೂರಿಸಿಕೊಂಡನಂತೆ.

ಹಳೇವಾಲ್ವು:
ಹೌದು! ಹತ್ತು ವರ್ಷದ ಮೇಲೆ ‘ಫೈರ್ ಚೀಫ್’ (ಅಗ್ನಿಶಾಮಕ ದಳದ ಮುಖ್ಯಸ್ಥ) ಅನ್ನುವ ಪಾತ್ರವಾಗಿ ರೇಡಿಯೋಗೆ ಮರಳಿದಾಗಲೂ ಸ್ಟುಡಿಯೋದಲ್ಲಿ ಪ್ರೇಕ್ಷಕರು ಬೇಕೇ ಬೇಕು ಅಂದ. ಮುಖಕ್ಕೆ ಬಣ್ಣ, ಮೈಗೆ ವೇಷ, ಎಲ್ಲ ರೇಡಿಯೋಗೇ. ಹುಚ್ಚು ಅನಿಸುತ್ತದೆ. ಆದರೆ ಆ ವೇಷ ಕಂಡು ಸ್ಟುಡಿಯೋದಲ್ಲಿದ್ದವರು ನಕ್ಕರೆ, ಆ ನಗು ಮನೆಯಲ್ಲಿ ಕೂತವರಿಗೂ ಕೇಳಿಸುತ್ತದಲ್ಲ. ಅಲೆನ್‌ಗೆ ಮಾತ್ರ ಈ ಸ್ಟುಡಿಯೋ ಪ್ರೇಕ್ಷಕರೆಂದರೆ ಅಷ್ಟಕ್ಕಷ್ಟೇ.

ತಿರುಗುಬಾಣ:
ವೇಷ ಹಾಕಿಕೊಂಡು ರೇಡಿಯೋ! ಇನ್ನು ಮಾತನಾಡುವ ಗೊಂಬೆಯವರೂ ಬಂದಿದ್ದರು ಅಂತ ಹೇಳಬೇಡಿ ಮತ್ತೆ.

ಹಳೇವಾಲ್ವು:
ಬಂದಿದ್ದರು ಸ್ವಾಮಿ, ಅದೂ ದೊಡ್ಡ ಸ್ಟಾರ್ ಆಗಿ. ಎಡ್ಗರ್ ಬರ್ಗನ್, ಅವನ ಗೊಂಬೆ ಚಾರ್ಲಿ ಮೆಕಾರ್ಥಿ. 1936ರ ಡಿಸೆಂಬರ್‌ನಲ್ಲಿ ಗಾಯಕ ರೂಡಿ ವ್ಯಾಲಿಯ ರೇಡಿಯೋ ಕಾರ್ಯಕ್ರಮಕ್ಕೆ ಅತಿಥಿ, ಮರುವರ್ಷ ತಮ್ಮದೇ ಕಾರ್ಯಕ್ರಮ. ಕೇಳಿ ನೋಡಿ, ಐದು ನಿಮಿಷಕ್ಕೆ ಎರಡು ದನಿ ಒಬ್ಬನದೇ ಅನ್ನುವುದು ಮರೆತೇಹೋಗುತ್ತದೆ. ಗೊಂಬೆ ಮಾತಾಡಿಸುವವನ ತುಟಿ ಅಲ್ಲಾಡಬಾರದು, ಬರ್ಗನ್‌ನದು ಅಲ್ಲಾಡುತ್ತಿತ್ತು. ರೇಡಿಯೋದಲ್ಲಿ ಅದು ಯಾರ ಕಣ್ಣಿಗೂ ಬೀಳದು. ಆದರೂ ಚಾರ್ಲಿ ಬಿಡಬೇಕಲ್ಲ, ತುಟಿ ಅಲ್ಲಾಡಿತು ನೋಡು ಅಂತ ಯಜಮಾನನ ಮಾನ ತಾನೇ ಕಳೆಯುತ್ತಿದ್ದ.