ಕನ್ನಡಿಯಲ್ಲಿ ತೇಲುವ ಶಾಟ್: ಕುಂಟಿದ ಹಾಗೆ ಯಾಕೆ ಕಾಣುತ್ತೆ?

ಪ್ರಶ್ನೆ (ಸರಸ್ವತೀಪುರಂ, ಮೈಸೂರು)

ಮಾತಿಲ್ಲದ ಪ್ರಯೋಗಾತ್ಮಕ ಕಿರುಚಿತ್ರ. ಹಳೇ ಮನೆಯ ಹಜಾರ, ರೆಡ್ ಆಕ್ಸೈಡ್ ನೆಲ. 6 ಅಡಿ ಎತ್ತರ, 3 ಅಡಿ ಅಗಲದ 5 ಎಂಎಂ ಕನ್ನಡಿಯನ್ನು ನೆಟ್ಟಗೆ ನಿಲ್ಲಿಸಿದೆ. ಕ್ಯಾಮೆರಾದಿಂದ ದೂರವಿರುವ ಅದರ ಹಿಂದಿನ ಅಂಚಿಗೆ ಕಲಾವಿದೆಯ ಮೂಗು, ಅರ್ಧ ಮೈ ಈಚೆ (ಕ್ಯಾಮೆರಾಗೆ ಕಾಣುವ ಕಡೆ), ಅರ್ಧ ಆಚೆ (ಕನ್ನಡಿ ಹಿಂದೆ ಮರೆಯಲ್ಲಿ). ಈಚೆ ಕಾಲು ಎತ್ತಿದರೆ ಎರಡೂ ಕಾಲು ಮೇಲೆದ್ದ ಹಾಗೆ ಕಾಣಬೇಕು. ಆದರೆ ಮುಖದ ನಡುವೆ ಹಸಿರು ಗೆರೆ. ಕೈ ಚಾಚಿದರೆ ಬಿಂಬದ ಕೈ ತುಂಡಾಗುತ್ತೆ. ಒಟ್ಟಾರೆ ತೇಲಿದ ಹಾಗಿಲ್ಲ, ಕುಂಟಿದ ಹಾಗಿದೆ. ಕ್ಯಾಮೆರಾ 4 ಮೀಟರ್ ದೂರ, ಸೆಕೆಂಡಿಗೆ 60 ಫ್ರೇಮ್, ಶಟರ್ 1/125 ಸೆಕೆಂಡ್. ಟ್ಯೂಬ್‌ಲೈಟ್ ಮಿನುಗೂ ಇದೆ.

ಉತ್ತರ 1

ಹಸಿರು ಗೆರೆ ಗಾಜಿನ ದಪ್ಪದ್ದು. ಬೆಳ್ಳಿ ಲೇಪ ಇರೋದು ಹಿಂಬದಿಗೆ. ಅಂಚಿನಿಂದ ಒಳಹೋದ ಬೆಳಕು ಗಾಜಿನೊಳಗಿನ ಕಬ್ಬಿಣದ ಅಂಶದಿಂದ ಹಸಿರಾಗುತ್ತೆ. ಬೆವೆಲ್ ಮಾಡಿಸಬೇಡಿ, ಅಂದರೆ ಅಂಚನ್ನು ಓರೆಯಾಗಿ ಕೊರೆಸಬೇಡಿ. ಅಂಚನ್ನು ನೇರವಾಗಿ ಉಜ್ಜಿಸಿ, ಮ್ಯಾಟ್ ಕಪ್ಪು ಬಣ್ಣ ಬಳಿಯಿರಿ. ತೆಳುವಾದ ಕಪ್ಪು ಗೆರೆ ಉಳಿಯುತ್ತೆ, ಅದನ್ನು ಎಡಿಟ್‌ನಲ್ಲಿ ಅಳಿಸೋದು ಸುಲಭ. ಅಕ್ರಿಲಿಕ್ ಕನ್ನಡಿ ಹಗುರ ಅಂತ ಹೋಗಬೇಡಿ, ಬಾಗಿ ಮುಖ ಸೊಟ್ಟಗಾಗುತ್ತೆ.

ಕೈ ತುಂಡಾಗೋದಕ್ಕೆ ಲೆಕ್ಕ ಇದೆ. ಕ್ಯಾಮೆರಾ ದೂರವನ್ನು ಕನ್ನಡಿಯ ಅಗಲದಿಂದ ಭಾಗಿಸಿ, 1 ಕಳೆದು, ನಡುಗೆರೆಯಿಂದ ಮೈ ಎಷ್ಟು ಚಾಚುತ್ತೋ ಅದರಿಂದ ಗುಣಿಸಿ. ಕ್ಯಾಮೆರಾ ಕನ್ನಡಿಯ ನೇರ ಬಿಟ್ಟು ಅಷ್ಟಾದರೂ ಪಕ್ಕಕ್ಕಿರಬೇಕು. ನಿಮ್ಮ 3 ಅಡಿಗೆ, ಭುಜದ 25 ಸೆಂಟಿಮೀಟರ್ ತುಂಬಲು ಸುಮಾರು 85 ಸೆಂಟಿಮೀಟರ್ ಸಾಕು. ಚಾಚಿದ ಕೈ 80 ಸೆಂಟಿಮೀಟರ್ ಅಂದರೆ 2.7 ಮೀಟರ್ ಸರಿಯಬೇಕು, ಆಗ ಮುಖ ಓರೆಯಾಗಿ ಮಾಯೆಯೇ ಒಡೆಯುತ್ತೆ. 6 ಅಡಿ ಅಗಲಕ್ಕೆ 1 ಮೀಟರ್ ಒಳಗೇ ಮುಗಿಯುತ್ತೆ. ಆದರೆ 6 ಅಡಿಗೆ 6 ಅಡಿ, 5 ಎಂಎಂ ಗಾಜು ಸುಮಾರು 42 ಕೆಜಿ ತೂಗುತ್ತೆ. ಹಿಂದೆ ಪ್ಲೈವುಡ್, ಎರಡು ಕಡೆ ಆಸರೆ ಕಟ್ಟದೆ ಯಾರನ್ನೂ ಪಕ್ಕ ನಿಲ್ಲಿಸಬೇಡಿ.

ಉತ್ತರ 2

ಕುಂಟಿದ ಹಾಗೆ ಕಾಣೋದು ಸೊಂಟದಿಂದ. ಆಚೆ ಕಾಲಿನ ಮೇಲೆ ಭಾರ ಬಿದ್ದ ತಕ್ಷಣ ಮೈ ಆ ಕಡೆ ವಾಲುತ್ತೆ, ಮೂಗು ಅಂಚು ಬಿಡುತ್ತೆ, ಬಿಂಬ ಸೇರಿ ಮುಖ ಸಣ್ಣದಾಗುತ್ತೆ. ಕನ್ನಡಿ ಹಿಂದೆ ಅವರ ಸೊಂಟದ ಎತ್ತರಕ್ಕೆ ಗಟ್ಟಿ ಸ್ಟೂಲ್ ಇಡಿ. ಒಂದು ಪಕ್ಕ ಅದರ ಮೇಲೆ ಕೂತರೆ ಸೊಂಟ ಸಮ ಇರುತ್ತೆ. ಮಂಡಿ ಮಡಚಿ ಎತ್ತಿಸಬೇಡಿ, ಅದು ಹೆಜ್ಜೆಯ ಭಂಗಿ. ಬೆರಳು ಕೆಳಮುಖ, ಪಾದ ಸಡಿಲ, ಕಾಲು ನಿಧಾನವಾಗಿ ಪಕ್ಕಕ್ಕೆ ಹೋಗಲಿ.

ನೆರಳನ್ನು ಮಾತ್ರ ಅಳಿಸಬೇಡಿ! ಪಾದಕ್ಕೂ ಅದರ ನೆರಳಿಗೂ ನಡುವಿನ ಜಾಗವೇ ಕಾಲು ನೆಲ ಬಿಟ್ಟಿದೆ ಅಂತ ಕಣ್ಣಿಗೆ ಹೇಳೋದು. ದೀಪ ತಲೆಯ ಮೇಲೆ, ಸ್ವಲ್ಪ ಈಚೆಗೆ. ಆಗ ಆಚೆ ಕಾಲಿನ ನೆರಳು ಕನ್ನಡಿ ಹಿಂದೆ ಬೀಳುತ್ತೆ.

ಸೀರೆ ಉಡಿಸಿದರೆ ಸೆರಗು ಎರಡೂ ಹೆಗಲಿಗೆ ಬರುತ್ತೆ ಅಥವಾ ಎರಡೂ ಕಡೆ ಇರಲ್ಲ. ಬೊಟ್ಟು ನಡುಗೆರೆಯಿಂದ ಒಂದಿಷ್ಟು ಸರಿದರೂ ಮೊಟ್ಟೆಯಾಕಾರ. ಬೈತಲೆ ನೆಟ್ಟಗೆ ತೆಗೆಸಿ.

ಮಿನುಗು: ನಮ್ಮ ಕರೆಂಟ್ 50 ಹರ್ಟ್ಸ್, ಟ್ಯೂಬ್‌ಲೈಟ್ ಸೆಕೆಂಡಿಗೆ 100 ಸಲ ಏರಿಳಿಯುತ್ತೆ. ಶಟರ್ 1/100 ಇಡಿ. ಇನ್ನು 60 ಫ್ರೇಮ್‌ನಲ್ಲಿ ತೆಗೆದು 24 ಫ್ರೇಮ್ ವೇಗಕ್ಕೆ ಇಳಿಸಿದರೆ 2.5 ಪಟ್ಟು ನಿಧಾನ. ಬೀಳುವ ವಸ್ತುವಿನ ಗುರುತ್ವ ಆ 2.5ರ ವರ್ಗದಷ್ಟು, ಅಂದರೆ 6.25 ಪಟ್ಟು ಕಡಿಮೆ ಕಾಣುತ್ತೆ. ಅದು ಹತ್ತಿರಹತ್ತಿರ ಚಂದ್ರನ ಗುರುತ್ವ, ಶೂನ್ಯವಲ್ಲ. 100ರಲ್ಲಿ ತೆಗೆದು 25ಕ್ಕೆ ಇಳಿಸಿದರೆ 16 ಪಟ್ಟು ಕಡಿಮೆ, ಬಿಚ್ಚಿದ ಕೂದಲು ಆಗ ನಿಜಕ್ಕೂ ತೇಲುತ್ತೆ. ಬೆಳಕು ಜಾಸ್ತಿ ಬೇಕು.

ಉತ್ತರ 3 (ಮಂಡ್ಯ)

ಪೂರ್ತಿ ಮೈ ತೇಲಲೇಬೇಕು ಅಂದರೆ ಕನ್ನಡಿಯನ್ನು 45 ಡಿಗ್ರಿ ಕ್ಯಾಮೆರಾ ಕಡೆ ಬಾಗಿಸಿ, ಕಲಾವಿದೆಯನ್ನು ಅದರ ಕೆಳಗೆ ನೆಲದ ಮೇಲೆ ಮಲಗಿಸಿ. ನೆಲವೇ ಗೋಡೆಯಾಗುತ್ತೆ. ಅರ್ಜೆಂಟೀನಾದ ಕಲಾವಿದ ಲಿಯಾಂಡ್ರೊ ಎರ್ಲಿಚ್ 2004ರಲ್ಲಿ ಪ್ಯಾರಿಸ್‌ನಲ್ಲಿ ಕಟ್ಟಡದ ಮುಂಭಾಗವನ್ನೇ ನೆಲಕ್ಕೆ ಮಲಗಿಸಿ ಇದನ್ನು ತೋರಿಸಿದ್ದರು. ತಲೆ ಕ್ಯಾಮೆರಾ ಕಡೆಗಿರಲಿ, ಇಲ್ಲದಿದ್ದರೆ ತಲೆಕೆಳಗು. ಎಡ–ಬಲ ಅದಲುಬದಲಾಗಿರುತ್ತೆ, ಎಡಿಟ್‌ನಲ್ಲಿ ತಿರುಗಿಸಿ. ಫೋಕಸ್ ಕೈಯಲ್ಲೇ ಮಾಡಿ: ಕನ್ನಡಿವರೆಗೆ 2 ಮೀಟರ್, ಅಲ್ಲಿಂದ ಮೈವರೆಗೆ 2 ಮೀಟರ್ ಇದ್ದರೆ 4 ಮೀಟರಿಗೆ. ಆಟೋಫೋಕಸ್ ಕನ್ನಡಿ ಮೇಲಿನ ಧೂಳು ಹಿಡಿಯುತ್ತೆ. ಹಜಾರದ ತಾರಸಿ ತಗ್ಗಾದರೆ ನಮ್ಮ ಕಡೆ ಕೆಲಸ ನಿಂತ ಆಲೆಮನೆ ಶೆಡ್ ಕೇಳಿ ನೋಡಿ, ಎತ್ತರ ಸಿಗುತ್ತೆ. ಕನ್ನಡಿ ತೂಗುಹಾಕುವಾಗ ಹಿಂಬದಿಗೆ ಪ್ಲಾಸ್ಟಿಕ್ ಫಿಲ್ಮ್ ಅಂಟಿಸಿರಿ, ಒಡೆದರೂ ಚೂರು ಮೈಮೇಲೆ ಉದುರೋದು ಕಡಿಮೆಯಾಗುತ್ತೆ.